ಬಾಗುವ ಮೊಣಕಾಲು, ಬಾಗಿದ ಬೆನ್ನು

(ಲೂರ್ದು ಮಾತೆಯ ಹಬ್ಬ ಹಾಗೂ ವಿಶ್ವ ರೋಗಿಗಳ ದಿನದ ಬಲಿಪೂಜೆಯಲ್ಲಿ ನೀಡಿದ ಪ್ರಬೋಧನೆ. ಶುಭಸಂದೇಶ: ಲೂಕ 13:10–17)



ಇಂದು ಫೆಬ್ರವರಿ 11, ಲೂರ್ದು ಮಾತೆಯ ಹಬ್ಬ. ಒಂಬತ್ತು ದಿನ ನೊವೇನ ನಡೆಸಿ, ಗವಿಯ ಮುಂದೆ ಮೇಣದ ಬತ್ತಿ ಹಚ್ಚಿ, ಹೂ ಏರಿಸಿ ಈ ದಿನಕ್ಕಾಗಿ ಕಾದಿದ್ದೇವೆ. ಇದೇ ದಿನವನ್ನು ಧರ್ಮಸಭೆಯು ವಿಶ್ವ ರೋಗಿಗಳ ದಿನವೆಂದೂ ಆಚರಿಸುತ್ತದೆ. ಜಗದ್ಗುರು ಎರಡನೇ ಜಾನ್ ಪೌಲರು 1992ರಲ್ಲಿ ಇದನ್ನು ಸ್ಥಾಪಿಸಿದರು. 1993ರ ಫೆಬ್ರವರಿ 11ರಂದು ಅದು ಮೊದಲ ಬಾರಿ ಆಚರಣೆಗೆ ಬಂತು. ಈ ಪ್ರಬೋಧನೆಯ ನಂತರ ನಮ್ಮ ರೋಗಿಗಳಿಗೂ ವಯೋವೃದ್ಧರಿಗೂ ಅಭ್ಯಂಗ ಸಂಸ್ಕಾರ ನೀಡಲಿದ್ದೇವೆ. ಮುಂದಿನ ಸಾಲಿನಲ್ಲಿ ಕುಳಿತಿರುವ ಹಿರಿಯರೇ, ಇಂದಿನ ಹಬ್ಬ ಮೊದಲು ನಿಮ್ಮದು, ಆಮೇಲೆ ನಮ್ಮದು.

ಈ ಹಬ್ಬಕ್ಕೆ ಸಾಮಾನ್ಯವಾಗಿ ಕಾನಾ ಊರಿನ ಮದುವೆಯ ಪಾಠ ಓದುತ್ತೇವೆ. ಈ ಸಲ ಸಂತ ಲೂಕರು ಬರೆದ ಶುಭಸಂದೇಶದಿಂದ, ಹದಿನೆಂಟು ವರ್ಷ ಬೆನ್ನು ಬಾಗಿದ್ದ ಮಹಿಳೆಯ ಪ್ರಸಂಗವನ್ನು ಓದಿಸಿದೆವು. ಅದಕ್ಕೊಂದು ಕಾರಣವಿದೆ. ನಿಮ್ಮ ಮುಂದೆ ನಮ್ಮದೇ ಒಂದು ತಪ್ಪನ್ನು ಒಪ್ಪಿಕೊಂಡು ಮಾತು ಆರಂಭಿಸಬೇಕಾಗಿದೆ.

ಚಪ್ಪಲಿ ಗುರುತಿದ್ದ ಅಜ್ಜಿ

ಕೆಲವು ವರ್ಷಗಳ ಹಿಂದಿನ ಮಾತು. ಇಳಕಲ್ಲಿನ ಕಡೆಯ ಒಂದು ಧರ್ಮಕೇಂದ್ರದಲ್ಲಿ ನಾವು ಸೇವೆಯಲ್ಲಿದ್ದೆವು. ನೇಕಾರರ ಓಣಿಯಲ್ಲಿ ಒಬ್ಬ ಅಜ್ಜಿ ಇದ್ದರು. ಹರೆಯದಲ್ಲಿ ಸೀರೆ ಮಗ್ಗಕ್ಕೆ ಕಂಡಿಕೆ ಸುತ್ತಿದವರು, ಆಮೇಲೆ ಉಳ್ಳಾಗಡ್ಡಿ ಹೊಲದಲ್ಲಿ ಕುರ್ಪಿ ಹಿಡಿದು ಕಸ ತೆಗೆದವರು. ಅವರ ಬೆನ್ನು ಎಷ್ಟು ಬಾಗಿತ್ತೆಂದರೆ ನಡೆಯುವಾಗ ಕಣ್ಣಿಗೆ ಬೀಳುವುದು ನೆಲ ಮಾತ್ರ. ಪ್ರತಿ ಭಾನುವಾರ ಕೋಲು ಊರಿಕೊಂಡು ಪೂಜೆಗೆ ಬರುತ್ತಿದ್ದರು. ಪರಮಪ್ರಸಾದ ಕೊಡುವಾಗ ಅವರ ಸೆರಗು ಹೊದ್ದ ತಲೆ ಕಾಣುತ್ತಿತ್ತು, ಮುಂದೆ ಚಾಚಿದ ಕೈ ಕಾಣುತ್ತಿತ್ತು. ಮುಖ ಕಾಣುತ್ತಿರಲಿಲ್ಲ.

ಒಂದು ದಿನ ಗವಿಯ ಮುಂದೆ ಜಪಸರ ಮುಗಿದ ಮೇಲೆ ಅಜ್ಜಿ ಹೇಳಿದರು: “ನಿಮ್ಮ ಮಾರಿ ಹೆಂಗೈತೋ ನನಗ ಗೊತ್ತಿಲ್ರಿ ಫಾದರ್. ನಿಮ್ಮ ಚಪ್ಪಲಿ ಗುರುತ ಅದಾವ್ರಿ.” ನಾವು ನಕ್ಕೆವು. ಅವರೂ ನಕ್ಕರು. ಆಮೇಲೆ ಮಾತೆಯ ಸ್ವರೂಪದ ಕಡೆಗೆ ಕೈಮಾಡಿ, “ತಾಯಿದೂ ಅಷ್ಟರಿ. ಪಾದದ ಮ್ಯಾಲಿನ ಹಳದಿ ಹೂವ ಅಷ್ಟ ಕಾಣ್ತಾವು” ಎಂದರು. ಲೂರ್ದಿನಲ್ಲಿ ಕಂಡ ಆ ತಾಯಿಯ ಎರಡೂ ಪಾದಗಳ ಮೇಲೆ ಹಳದಿ ಗುಲಾಬಿ ಇತ್ತೆಂದು ಸಂತ ಬರ್ನದೆತ್ ಹೇಳಿದ್ದನ್ನು ನೀವು ಕೇಳಿದ್ದೀರಿ. ನಾವು ಆ ಹೂಗಳನ್ನು ಅಷ್ಟು ಗಮನವಿಟ್ಟು ನೋಡಿರಲಿಲ್ಲ. ಅಜ್ಜಿ ಕಂಡದ್ದು ಅವನ್ನು ಮಾತ್ರ.

ಮಳೆಗಾಲದಲ್ಲಿ ಅಜ್ಜಿ ಹಾಸಿಗೆ ಹಿಡಿದರು. ಮಗ ಬಂದು ಕರೆದ. ಅಭ್ಯಂಗದ ಎಣ್ಣೆ ತೆಗೆದುಕೊಂಡು ಹೋದೆವು. ಒಳಗೆ ಹೋಗಿ ನೋಡಿದರೆ ಅಜ್ಜಿ ಹಾಸಿಗೆಯ ಮೇಲೆ ನೆಟ್ಟಗೆ ಮಲಗಿದ್ದಾರೆ! ಬೆನ್ನಿಗೆ ಬಾಗೇ ಇಲ್ಲ. ಮೊದಲ ಸಲ ಅವರ ಮುಖ ಕಂಡೆವು, ಅವರು ನಮ್ಮ ಮುಖ ಕಂಡರು. ಪಕ್ಕದಲ್ಲಿದ್ದ ಮಗ ಮುಜುಗರದಿಂದ, “ಮಲಗಿದ್ರ ನೆಟ್ಟಗ ಆಗ್ತಾಳ್ರಿ. ಎದ್ದು ನಿಂತ್ಲಂದ್ರ ಬಗ್ಗತಾಳ. ಕೆಲಸ ತಪ್ಪಿಸಾಕ ಹಂಗ ಮಾಡ್ತಾಳಂತ ಇಷ್ಟ ವರ್ಷ ತಿಳಕೊಂಡೀವ್ರಿ” ಎಂದ.

ಪ್ರಾರ್ಥನೆ ಆರಂಭಿಸಿದೆವು. ರೋಗಿಯ ಹೆಸರು ಹೇಳಬೇಕಾದ ಜಾಗ ಬಂತು. ನಮ್ಮ ಬಾಯಿ ಕಟ್ಟಿತು. ಅವರ ಹೆಸರು ನಮಗೆ ಗೊತ್ತಿರಲಿಲ್ಲ. ಮನೆ ಭೇಟಿಯ ಪುಸ್ತಕದಲ್ಲಿ ನಾವೇ ನಮ್ಮ ಕೈಯಾರೆ “ಗೂನಜ್ಜಿ ಮನೆ” ಎಂದು ಬರೆದುಕೊಂಡಿದ್ದೆವು. ಓಣಿಯವರು ಹಾಗೆ ಕರೆಯುತ್ತಿದ್ದರು, ನಾವೂ ಹಾಗೇ ಬರೆದೆವು. ಸೊಸೆಯ ಕಡೆ ನೋಡಿದೆವು, ಅವಳಿಗೂ ತಕ್ಷಣ ನೆನಪಾಗಲಿಲ್ಲ. ಕೊನೆಗೆ ಅಜ್ಜಿಯೇ ಮೆಲ್ಲಗೆ ತಮ್ಮ ಜ್ಞಾನಸ್ನಾನದ ಹೆಸರು ಹೇಳಿದರು.

ಪ್ರಿಯರೇ, ನಾವು ಒಪ್ಪಿಕೊಳ್ಳಬೇಕಾದ ತಪ್ಪು ಇದು. ಹೆಸರು ಹಿಡಿದು ಕರೆಯುವ ಕುರುಬನ ಸೇವಕನಾಗಿ ದೀಕ್ಷೆ ಪಡೆದವರು ನಾವು. ಒಬ್ಬ ತಾಯಿಯನ್ನು ಅವರ ಬೆನ್ನಿನ ಹೆಸರಿನಿಂದ ಕರೆದಿದ್ದೆವು.

ಎರಡು ಹೆಸರು, ಎರಡು ರೋಗ

ಅಜ್ಜಿಯನ್ನು ಬಾಗಲಕೋಟೆಗೆ ಕರೆದೊಯ್ದು ವೈದ್ಯರಿಗೆ ತೋರಿಸಿದಾಗ ನಮಗೆ ಒಂದು ಹೊಸ ಪಾಠವಾಯಿತು. ನಮ್ಮ ಕಡೆ ಬೆನ್ನಿಗೆ ಡುಬ್ಬ ಎನ್ನುತ್ತೇವೆ. ಬಾಗಿದ ಬೆನ್ನಿಗೆಲ್ಲ ಒಂದೇ ಮಾತು: ಗೂನು. ವೈದ್ಯರು ಹಾಗೆ ಒಂದೇ ಮಾತಿನಲ್ಲಿ ಮುಗಿಸುವುದಿಲ್ಲ.

ಬೆನ್ನುಮೂಳೆಯ ಮೇಲ್ಭಾಗ ಹಿಂದಕ್ಕೆ ಉಬ್ಬಿ ಬಾಗುವುದಕ್ಕೆ ಅವರು ಕೈಫೋಸಿಸ್ ಎನ್ನುತ್ತಾರೆ. ಎದೆಯ ಹಿಂಭಾಗದ ಹನ್ನೆರಡು ಕಶೇರುಮಣಿಗಳಲ್ಲಿ ಎಲ್ಲರಿಗೂ ಒಂದಿಷ್ಟು ಬಾಗು ಇದ್ದೇ ಇರುತ್ತದೆ. ಸುಮಾರು 20ರಿಂದ 45 ಡಿಗ್ರಿ ಇದ್ದರೆ ಅದು ಸಹಜ. ಅದನ್ನು ಬಹಳ ಮೀರಿದಾಗ ರೋಗವೆನಿಸುತ್ತದೆ. ವಯಸ್ಸಾದ ತಾಯಂದಿರಲ್ಲಿ ಎಲುಬು ಟೊಳ್ಳಾಗಿ ಕಶೇರುಮಣಿಗಳು ಒಂದೊಂದಾಗಿ ಕುಸಿಯುವುದು ಇದಕ್ಕೆ ದೊಡ್ಡ ಕಾರಣ. ಚಿಕ್ಕವರಲ್ಲಿ ಕ್ಷಯರೋಗವು ಬೆನ್ನುಮೂಳೆಯನ್ನು ತಿಂದು ಗೂನು ತರಬಹುದು. ಇಂಗ್ಲೆಂಡಿನ ಶಸ್ತ್ರವೈದ್ಯ ಪರ್ಸಿವಲ್ ಪಾಟ್ 1779ರಲ್ಲಿ ಇದನ್ನು ವಿವರಿಸಿದ್ದರಿಂದ ಇಂದಿಗೂ ಅದಕ್ಕೆ ಪಾಟ್ಸ್ ರೋಗವೆಂಬ ಹೆಸರಿದೆ. ಇಂಥ ಗೂನು ಮೂಳೆಯಲ್ಲೇ ನಿಂತದ್ದು. ಹಾಸಿಗೆಯ ಮೇಲೆ ಮಲಗಿದರೂ ಹೋಗುವುದಿಲ್ಲ.

ನಮ್ಮ ಅಜ್ಜಿಯದು ಬೇರೆ. ನಿಂತಾಗ, ನಡೆಯುವಾಗ ಸೊಂಟದಿಂದ ಮೇಲಿನ ದೇಹವೆಲ್ಲ ಮುಂದಕ್ಕೆ ಬಗ್ಗುತ್ತದೆ, ಮಲಗಿದರೆ ನೆಟ್ಟಗಾಗುತ್ತದೆ. ವೈದ್ಯರು ಇದಕ್ಕೆ ಕ್ಯಾಂಪ್ಟೋಕಾರ್ಮಿಯಾ ಎಂದರು. ಮೊದಲ ಮಹಾಯುದ್ಧದ ಆರಂಭದಲ್ಲಿ, 1914–15ರಲ್ಲಿ, ಫ್ರಾನ್ಸಿನ ನರರೋಗ ತಜ್ಞ ಅಷೀಲ್ ಸೂಕ್ ಕೊಟ್ಟ ಹೆಸರಿದು. ಯುದ್ಧಭೂಮಿಯಿಂದ ಬಂದ ಸೈನಿಕರು ಬಗ್ಗಿಕೊಂಡೇ ನಡೆಯುತ್ತಿದ್ದರು, ಮಲಗಿಸಿದರೆ ನೆಟ್ಟಗಾಗುತ್ತಿದ್ದರು. ಮೂಳೆಯಲ್ಲಿ ದೋಷ ಕಾಣಲಿಲ್ಲ. ಆದ್ದರಿಂದ ಇದು ಮನಸ್ಸಿನ ರೋಗವೆಂದು ಬಹುಕಾಲ ತಿಳಿದರು. ನಟನೆಯೆಂಬ ಅನುಮಾನವೂ ಇಂಥವರ ಬೆನ್ನು ಹತ್ತಿತು. ಈಗ ತಿಳಿದುಬಂದಿರುವಂತೆ, ಇದು ಹೆಚ್ಚಾಗಿ ಪಾರ್ಕಿನ್ಸನ್ಸ್‌ನಂಥ ನರರೋಗದಿಂದ, ಬೆನ್ನಿನ ಸ್ನಾಯುಗಳ ರೋಗದಿಂದ, ಕೆಲವೊಮ್ಮೆ ಔಷಧಿಗಳಿಂದ ಬರುತ್ತದೆ. ಅಜ್ಜಿಯ ಬೆರಳುಗಳ ನಡುಕ, ಸಣ್ಣ ಹೆಜ್ಜೆ, ಕ್ಷೀಣ ದನಿ ಎಲ್ಲವೂ ಪಾರ್ಕಿನ್ಸನ್ಸ್ ರೋಗದ್ದೇ ಎಂದು ವೈದ್ಯರು ಹೇಳಿದರು.

ಅದನ್ನು ಕೇಳಿ ಮಗ ಆಸ್ಪತ್ರೆಯ ಪಡಸಾಲೆಯಲ್ಲಿ ಗೋಡೆಗೆ ಮುಖ ಮಾಡಿ ಅತ್ತ. ಇಷ್ಟು ವರ್ಷ ಅವ್ವನಿಗೆ ಆಡಿದ ಮಾತುಗಳು ಅವನಿಗೆ ನೆನಪಾದವು. ಗುಳಿಗೆಯಿಂದ ನಡುಕ, ಬಿಗಿತ ಕೊಂಚ ಕಡಿಮೆಯಾದವು. ಬೆನ್ನು ಮಾತ್ರ ಪೂರ್ತಿ ನೆಟ್ಟಗಾಗಲಿಲ್ಲ. ಆದರೆ ಆ ಮನೆಯಲ್ಲಿ ಅವರನ್ನು ‘ನಾಟಕದಾಕಿ’ ಎನ್ನುವುದು ನಿಂತಿತು. ಒಂದು ರೋಗಕ್ಕೆ ಸರಿಯಾದ ಹೆಸರು ಸಿಕ್ಕಿದರೆ ಮನುಷ್ಯರಿಗೆ ಇಟ್ಟ ತಪ್ಪು ಹೆಸರು ಹೋಗುತ್ತದೆ. ವೈದ್ಯಶಾಸ್ತ್ರದ ಕಷ್ಟದ ಮಾತುಗಳಿಂದ ಆಗುವ ಒಂದು ಪುಣ್ಯದ ಕೆಲಸ ಇದು.

ಹದಿನೆಂಟು ವರ್ಷ

ಈಗ ಶುಭಸಂದೇಶಕ್ಕೆ ಬರೋಣ. ಯೇಸುಸ್ವಾಮಿ ಸಬ್ಬತ್ ದಿನ ಪ್ರಾರ್ಥನಾಮಂದಿರದಲ್ಲಿ ಬೋಧಿಸುತ್ತಿದ್ದಾರೆ. ಅಲ್ಲೊಬ್ಬ ಮಹಿಳೆ. ಹದಿನೆಂಟು ವರ್ಷಗಳಿಂದ ಬೆನ್ನು ಬಾಗಿ, ತಲೆ ಎತ್ತಲಾಗದ ಸ್ಥಿತಿ. ಆಕೆಯ ರೋಗ ಕೈಫೋಸಿಸೋ, ಕ್ಯಾಂಪ್ಟೋಕಾರ್ಮಿಯಾವೋ, ಬೇರೆಯೋ ಎಂದು ವೈದ್ಯರು ಚರ್ಚಿಸಿದ್ದಾರೆ. ಅದನ್ನು ತೀರ್ಮಾನಿಸುವುದು ನಮ್ಮ ಕೆಲಸವಲ್ಲ. ಸಂತ ಲೂಕರು ಸ್ವತಃ ವೈದ್ಯರೆಂದು ಸಂತ ಪೌಲರು ಕೊಲೊಸ್ಸೆಯವರಿಗೆ ಬರೆದ ಪತ್ರದಲ್ಲಿ ತಿಳಿಸುತ್ತಾರೆ. ಅವರು ವೈದ್ಯರ ಕಣ್ಣಿನಿಂದ ಎಷ್ಟು ವರ್ಷ ಎಂಬುದನ್ನು ಗಮನಿಸಿದ್ದಾರೆ. ಹದಿನೆಂಟು ವರ್ಷವೆಂದರೆ, ಆ ರೋಗ ಶುರುವಾದ ದಿನ ಹುಟ್ಟಿದ ಕೂಸು ಇಂದು ಮತ ಹಾಕುವ ವಯಸ್ಸಿಗೆ ಬಂದಿರುತ್ತದೆ. ಅಷ್ಟು ಕಾಲ ಆಕೆ ಕಂಡದ್ದು ನೆಲ, ಧೂಳು, ಜನರ ಕಾಲು.

ಇಲ್ಲಿ ನಾಲ್ಕು ಸಂಗತಿ ಗಮನಿಸಿರಿ. ಮೊದಲನೆಯದು, ಆಕೆ ಏನೂ ಕೇಳಲಿಲ್ಲ. ಯೇಸುವೇ ಆಕೆಯನ್ನು ಕಂಡರು. ಅಷ್ಟು ಬಾಗಿದವರ ಮುಖ ನೋಡಬೇಕಾದರೆ ನೋಡುವವರೇ ಬಾಗಬೇಕು. ಎರಡನೆಯದು, ಆಕೆಯನ್ನು ತಮ್ಮ ಬಳಿಗೆ ಕರೆದರು. ಮೂಲೆಯಲ್ಲಿದ್ದವರು ಎಲ್ಲರ ಮುಂದೆ ಬಂದರು. ಮೂರನೆಯದು, ಕೈಯಿಟ್ಟು ಬಿಡುಗಡೆಯ ಮಾತಾಡಿದರು. ಆಕೆ ನೆಟ್ಟಗಾಗಿ ದೇವರನ್ನು ಸ್ತುತಿಸಿದರು. ನಾಲ್ಕನೆಯದು, ಆಕೆಯನ್ನು ಅಬ್ರಹಾಮನ ಮಗಳೆಂದು ಕರೆದರು. ಹೊಸ ಒಡಂಬಡಿಕೆಯಲ್ಲಿ ಈ ಬಿರುದು ಬೇರೆ ಯಾವ ಹೆಣ್ಣಿಗೂ ಸಿಕ್ಕಿಲ್ಲ. ಊರವರು ಆಕೆಯನ್ನು ಏನೆಂದು ಕರೆಯುತ್ತಿದ್ದರೋ, ಊಹಿಸುವುದು ನಮಗೆ ಕಷ್ಟವಲ್ಲ. ಯೇಸು ಆಕೆಯ ಬೆನ್ನಿನಿಂದ ಹೆಸರು ತೆಗೆಯಲಿಲ್ಲ, ಮನೆತನದಿಂದ ತೆಗೆದರು.

ಇದು ಸಣ್ಣ ಮಾತಲ್ಲ. ಹಳೆಯ ಒಡಂಬಡಿಕೆಯ ಯಾಜಕಕಾಂಡ 21ನೇ ಅಧ್ಯಾಯದಲ್ಲಿ ಬಲಿ ಅರ್ಪಿಸಲು ಪೀಠದ ಬಳಿ ಬರಬಾರದ ಯಾಜಕರ ಪಟ್ಟಿ ಇದೆ. ಕುರುಡರು, ಕುಂಟರ ಜೊತೆ ಗೂನರೂ ಅದರಲ್ಲಿದ್ದಾರೆ. ನಮ್ಮ ಧರ್ಮಸಭೆಯೂ ಈ ಭಾವನೆಯಿಂದ ಬಹುಕಾಲ ಹೊರಬರಲಿಲ್ಲ. 1917ರ ಕಾನೂನು ಸಂಹಿತೆಯಲ್ಲಿ, ಅಂಗವೈಕಲ್ಯದ ಕಾರಣ ಪೀಠಸೇವೆಯನ್ನು ಸುರಕ್ಷಿತವಾಗಿ, ಶೋಭಿಸುವಂತೆ ಮಾಡಲಾರದವರಿಗೆ ಗುರುದೀಕ್ಷೆಗೆ ಅಡ್ಡಿಯಿತ್ತು. 1983ರ ಸಂಹಿತೆಯಲ್ಲಿ ಆ ಅಡ್ಡಿಯನ್ನು ಕೈಬಿಡಲಾಯಿತು. ನಮ್ಮ ನಾಡಿನ ಕಥೆಗಳಲ್ಲೂ ಗೂನು ಎಂದ ಕೂಡಲೇ ಮಂಥರೆಯ ನೆನಪಾಗುತ್ತದೆ. ಬೆನ್ನು ವಕ್ರವಾದರೆ ಬುದ್ಧಿಯೂ ವಕ್ರವೆಂಬಂತೆ ಆಡಿಕೊಳ್ಳುತ್ತೇವೆ. ಆ ದಿನ ಪ್ರಾರ್ಥನಾಮಂದಿರದ ನಡುವೆ ಆ ಮಹಿಳೆಯನ್ನು ನಿಲ್ಲಿಸಿ ಯೇಸು ಈ ಎಲ್ಲ ಆಡುಮಾತುಗಳಿಗೂ ಉತ್ತರ ಕೊಟ್ಟರು.

ಎತ್ತಿಗೆ ರಜೆ, ಅವ್ವನಿಗೆ?

ಪ್ರಾರ್ಥನಾಮಂದಿರದ ಅಧಿಕಾರಿಗೆ ಕೋಪ ಬಂತು. ವಾರದಲ್ಲಿ ಕೆಲಸಕ್ಕೆ ಆರು ದಿನಗಳಿವೆ, ಗುಣವಾಗಲು ಆ ದಿನಗಳಲ್ಲಿ ಬರಬಹುದಿತ್ತು ಎಂಬುದು ಆತನ ವಾದ. ಆತ ಯೇಸುವಿಗೆ ನೇರವಾಗಿ ಹೇಳದೆ ಜನರಿಗೆ ಹೇಳಿದ. ಯೇಸು ಕೊಟ್ಟ ಉತ್ತರ ನಮ್ಮ ಒಕ್ಕಲು ಮನೆಗಳಿಗೆ ಹೇಳಿ ಮಾಡಿಸಿದಂತಿದೆ. ಸಬ್ಬತ್ ದಿನವಾದರೂ ಎತ್ತನ್ನೋ ಕತ್ತೆಯನ್ನೋ ಗೋದಲಿಯಿಂದ ಬಿಚ್ಚಿ ನೀರಿಗೆ ಒಯ್ಯುತ್ತೀರಲ್ಲ, ಹದಿನೆಂಟು ವರ್ಷ ಕಟ್ಟಿಹಾಕಲ್ಪಟ್ಟ ಈ ಮಗಳನ್ನು ಬಿಚ್ಚಬಾರದೇ ಎಂದು ಕೇಳಿದರು.

ನಮ್ಮ ಬಾಗಲಕೋಟೆ, ಬಾದಾಮಿ, ಹುನಗುಂದದ ಸೀಮೆಯಲ್ಲಿ ಅಮಾವಾಸ್ಯೆಯ ದಿನ ಎತ್ತು ಹೂಡುವುದಿಲ್ಲ. ಕಾರಹುಣ್ಣಿಮೆಗೆ ಎತ್ತಿನ ಮೈ ತೊಳೆದು, ಕೋಡಿಗೆ ಬಣ್ಣ ಹಚ್ಚಿ, ಹೋಳಿಗೆ ತಿನ್ನಿಸುತ್ತೇವೆ. ಒಳ್ಳೆಯ ಪದ್ಧತಿ, ದುಡಿಯುವ ಜೀವಕ್ಕೆ ಸಲ್ಲಬೇಕಾದ ಗೌರವ. ಆದರೆ ಅದೇ ಅಮಾವಾಸ್ಯೆಯ ದಿನ ಮನೆಯ ಅವ್ವನಿಗೆ ರಜೆ ಇದೆಯೇ? ಆ ಹೋಳಿಗೆ ಮಾಡಿದವರು ಯಾರು? ಎತ್ತಿನ ಹೆಗಲಿನ ಮೇಲೆ ಹುಣ್ಣಾದರೆ ಮರುದಿನವೇ ದನದ ಡಾಕ್ಟರರನ್ನು ಕರೆಯುತ್ತೇವೆ. ಅವ್ವನ ನಡ ಬಗ್ಗಿದರೆ ‘ವಯಸ್ಸಾತು’ ಎಂದು ಸುಮ್ಮನಾಗುತ್ತೇವೆ.

ನಮ್ಮ ಜನರ ಬೆನ್ನುಗಳನ್ನು ನೋಡಿರಿ. ಇಳಕಲ್ ಸೀರೆಯ ಸೆರಗು ಎಷ್ಟು ಚೆಂದವೆಂದು ನಾಡೆಲ್ಲ ಹೊಗಳುತ್ತದೆ. ಅದನ್ನು ನೇಯುವವರು ಕುಣಿಮಗ್ಗದ ಕುಣಿಯೊಳಗೆ ಕಾಲು ಇಳಿಬಿಟ್ಟು, ಮುಂದಕ್ಕೆ ಬಾಗಿ, ಬೆಳಗಿನಿಂದ ಸಂಜೆಯವರೆಗೆ ಲಾಳಿ ಎಸೆಯುತ್ತಾರೆ. ಒಡಲಿನ ಹಾಸಿಗೆ ಸೆರಗಿನ ರೇಷ್ಮೆಯ ಹಾಸನ್ನು ಎಳೆಗೆ ಎಳೆ ಕೊಂಡಿ ಹಾಕಿ ಜೋಡಿಸುವಾಗ ಕಣ್ಣು, ಕುತ್ತಿಗೆ, ನಡ ಎಲ್ಲವೂ ಆ ಎಳೆಯ ಮೇಲೇ. ಗುಳೇದಗುಡ್ಡದ ಖಣ ನೇಯುವ ಮನೆಗಳಲ್ಲೂ ಇದೇ ದುಡಿಮೆ. ಹೊಲದಲ್ಲಿ ಉಳ್ಳಾಗಡ್ಡಿ ಕಸ ತೆಗೆಯುವವರು, ಕಬ್ಬು ಕಡಿಯುವವರು, ಕಲ್ಲಿನ ಗಣಿಯಲ್ಲಿ ಕೆಂಪು ಗ್ರಾನೈಟ್ ಒಡೆಯುವವರು ಎಲ್ಲರದೂ ಬಾಗಿದ ದುಡಿಮೆ. ನಾವು ತಲೆ ಎತ್ತಿ ಉಡುವ ಬಟ್ಟೆಯನ್ನು ತಲೆ ತಗ್ಗಿಸಿ ಕೂತವರು ನೇಯ್ದಿದ್ದಾರೆ. ಅವರ ಬೆನ್ನು ಬೇನೆಯನ್ನು ‘ದಿನಾ ಇದ್ದದ್ದ’ ಎಂದು ತಳ್ಳಿಹಾಕಬೇಡಿರಿ.

ಬಾಗುವುದು ಬೇರೆ, ಬಗ್ಗಿಸುವುದು ಬೇರೆ

ಈ ಮಾತಿಗೆ ಯಾರಾದರೂ ಹೀಗೆ ಕೇಳಬಹುದು: “ಫಾದರ್, ಬಾಗುವುದು ಒಳ್ಳೆಯದೆಂದು ನೀವೇ ಕಲಿಸಿದ್ದೀರಲ್ಲ? ಮೊಣಕಾಲೂರಿರಿ, ತಲೆಬಾಗಿರಿ ಎನ್ನುತ್ತೀರಲ್ಲ?” ಸರಿಯಾದ ಪ್ರಶ್ನೆ. ಅದಕ್ಕೆ ಉತ್ತರ ವೈದ್ಯರ ಆ ಎರಡು ಮಾತುಗಳಲ್ಲೇ ಅಡಗಿದೆ. ಎರಡೂ ಗ್ರೀಕ್ ಭಾಷೆಯವು, ಶುಭಸಂದೇಶ ಬರೆಯಲ್ಪಟ್ಟ ಭಾಷೆಯವು.

ಕೈಫೋಸಿಸ್ ಎಂಬುದು ಕಿಪ್ಟೊ ಎಂಬ ಕ್ರಿಯಾಪದದ ಕುಟುಂಬಕ್ಕೆ ಸೇರಿದ್ದು. ಕಿಪ್ಟೊ ಎಂದರೆ ಮುಂದಕ್ಕೆ ಬಾಗು. ಆ ಮಹಿಳೆಯ ಬಾಗಿದ ಸ್ಥಿತಿಯನ್ನು ಹೇಳಲು ಲೂಕರು ಅದೇ ಮೂಲದ ಪದ ಬಳಸಿದ್ದಾರೆ. ಆಕೆ ತಲೆ ಎತ್ತಲಾರಳು ಎನ್ನುವಲ್ಲಿ ಅನಾಕಿಪ್ಟೊ, ಅಂದರೆ ಮೇಲಕ್ಕೇಳು, ಎಂಬ ಪದವಿದೆ. ಲೂಕರ 21ನೇ ಅಧ್ಯಾಯದಲ್ಲಿ ಯೇಸು ಕಡೆಯ ದಿನಗಳ ಬಗ್ಗೆ ಹೇಳುತ್ತಾ, ಬಿಡುಗಡೆ ಹತ್ತಿರವಾದಾಗ ತಲೆಯೆತ್ತಿ ನಿಲ್ಲಬೇಕೆಂದು ಶಿಷ್ಯರಿಗೆ ಹೇಳುವಾಗಲೂ ಅದೇ ಅನಾಕಿಪ್ಟೊ. ಆ ಮಹಿಳೆಗೆ ಮಾಡಲಾಗದಿದ್ದುದನ್ನೇ ಪ್ರಭು ಕೊನೆಯಲ್ಲಿ ನಮ್ಮೆಲ್ಲರಿಂದ ಅಪೇಕ್ಷಿಸುತ್ತಾರೆ. ದೇವರ ಮುಂದೆ ನಿಲ್ಲುವ ದಿನ ನಾವು ತಲೆ ಎತ್ತಿ ನಿಲ್ಲಬೇಕು.

ಕ್ಯಾಂಪ್ಟೋಕಾರ್ಮಿಯಾದಲ್ಲಿ ಕಾಂಪ್ಟೊ ಮತ್ತು ಕಾರ್ಮೊಸ್ ಎಂಬ ಎರಡು ಪದಗಳಿವೆ: ಮಡಿಸು, ಮರದ ಕಾಂಡ. ಕಾಂಡ ಬಾಗಿದ ಮರದಂತೆ ನಡುಮೈ ಬಾಗುವುದು. ಆ ಕಾಂಪ್ಟೊ ಎಂಬ ಪದವನ್ನೂ ಹೊಸ ಒಡಂಬಡಿಕೆಯಲ್ಲಿ ಕಾಣುತ್ತೇವೆ. ಎಫೆಸದವರಿಗೆ ಬರೆದ ಪತ್ರದ 3ನೇ ಅಧ್ಯಾಯದಲ್ಲಿ ಸಂತ ಪೌಲರು ಪಿತನ ಮುಂದೆ ಮೊಣಕಾಲೂರುತ್ತೇನೆ ಎನ್ನುವಾಗ, ಫಿಲಿಪ್ಪಿಯವರಿಗೆ ಬರೆದ ಪತ್ರದ 2ನೇ ಅಧ್ಯಾಯದಲ್ಲಿ ಯೇಸುನಾಮಕ್ಕೆ ಎಲ್ಲ ಮೊಣಕಾಲುಗಳೂ ಬಾಗಬೇಕೆನ್ನುವಾಗ ಬಳಸಿದ್ದು ಇದೇ ಪದ. ಅಂದರೆ ದೇವರಿಗೆ ಬಾಗಿಸುವುದು ಮೊಣಕಾಲನ್ನು. ಮೊಣಕಾಲನ್ನು ನಾವೇ ಪ್ರೀತಿಯಿಂದ ಬಾಗಿಸುತ್ತೇವೆ, ಬಾಗಿಸಿ ಮತ್ತೆ ಏಳುತ್ತೇವೆ. ರೋಗದಿಂದ, ಹೊರೆಯಿಂದ, ಹಸಿವಿನಿಂದ, ಅವಮಾನದಿಂದ ಬಗ್ಗಿದ ಬೆನ್ನನ್ನು ದೇವರು ಕೇಳಿಲ್ಲ. ಅಂಥ ಬೆನ್ನು ಕಂಡಾಗ ಯೇಸು ಅದನ್ನು ‘ವಿನಯ’ ಎಂದು ಹೊಗಳಲಿಲ್ಲ. ಅದನ್ನು ಸೈತಾನನು ಹಾಕಿದ ಕಟ್ಟು ಎಂದು ಕರೆದು ಬಿಚ್ಚಿದರು.

ಪ್ರಿಯರೇ, ಈ ವ್ಯತ್ಯಾಸವನ್ನು ಮರೆತು ನಾವು ಎಷ್ಟೋ ಜನರಿಗೆ ಅನ್ಯಾಯ ಮಾಡಿದ್ದೇವೆ. ಸಾಲಗಾರನ ಮುಂದೆ ಬಗ್ಗಿದ ಬಡವನಿಗೆ, ಗಂಡನ ಹೊಡೆತಕ್ಕೆ ಬಗ್ಗಿದ ಹೆಣ್ಣಿಗೆ ‘ತಾಳಿಕೋ, ಇದು ನಿನ್ನ ಶಿಲುಬೆ’ ಎಂದು ಸುಲಭವಾಗಿ ಹೇಳಿಬಿಡುತ್ತೇವೆ. ಗುರುಗಳಾದ ನಾವೂ ಹೇಳಿದ್ದೇವೆ. ಯೇಸು ತಮ್ಮ ಶಿಲುಬೆಯನ್ನು ತಾವೇ ಇಚ್ಛೆಯಿಂದ ಹೊತ್ತರು. ಇನ್ನೊಬ್ಬರ ಬೆನ್ನ ಮೇಲೆ ಹೇರಲಿಲ್ಲ.

ಬಾಗುವುದಕ್ಕೂ ಬಗ್ಗಿಸಲ್ಪಡುವುದಕ್ಕೂ ಇರುವ ವ್ಯತ್ಯಾಸವನ್ನು ತಮ್ಮ ದೇಹದಲ್ಲೇ ತೋರಿಸಿದವರು ಸಂತ ಎರಡನೇ ಜಾನ್ ಪೌಲರು. ಆರೋಗ್ಯವಂತರಾಗಿದ್ದಾಗ ಒಂದು ದೇಶಕ್ಕೆ ಹೋದರೆ ವಿಮಾನದಿಂದ ಇಳಿದು, ನೆಲಕ್ಕೆ ಬಾಗಿ ಮುತ್ತಿಡುತ್ತಿದ್ದರು. ಅದು ಅವರೇ ಬಾಗಿದ ಬಾಗು. 1986ರ ಫೆಬ್ರವರಿಯಲ್ಲಿ ನಮ್ಮ ಮಂಗಳೂರಿಗೂ ಬಂದಿದ್ದರು. ಮುಂದೆ ಪಾರ್ಕಿನ್ಸನ್ಸ್ ರೋಗ ಅವರ ಬೆನ್ನನ್ನು ಬಗ್ಗಿಸಿತು. ಇದು ಅವರು ಬಯಸಿದ್ದಲ್ಲ. ಆದರೂ ಅದನ್ನು ಲೋಕದ ಕಣ್ಣಿನಿಂದ ಮುಚ್ಚಿಡಲಿಲ್ಲ. 2004ರ ಆಗಸ್ಟ್‌ನಲ್ಲಿ ಲೂರ್ದಿಗೆ ಹೋದಾಗ ರೋಗಿಗಳ ನಡುವೆ ಒಬ್ಬ ರೋಗಿಯಾಗಿಯೇ ಹೋದರು. ಆ ಗವಿಯ ಮುಂದೆ ಮೊಣಕಾಲೂರಿದಾಗ ಸಹಾಯಕರು ಆಸರೆ ಕೊಡಬೇಕಾಯಿತು. 2005ರ ಏಪ್ರಿಲ್ 2ರಂದು ನಿಧನರಾದರು, 2014ರಲ್ಲಿ ಸಂತರೆಂದು ಘೋಷಿತರಾದರು. ಬಗ್ಗಿದ ಬೆನ್ನು ಅವರ ಗೌರವವನ್ನು ಒಂದು ಕಾಳಿನಷ್ಟೂ ಕಡಿಮೆ ಮಾಡಲಿಲ್ಲ. ನಮ್ಮ ಅಜ್ಜಿಗೂ ಅದೇ ರೋಗ. ರೋಮಿನ ಪೀಠದಲ್ಲಿ ಕುಳಿತವರಿಗೆ ಕೊಟ್ಟ ಗೌರವ ನೇಕಾರರ ಓಣಿಯ ಅಜ್ಜಿಗೆ ಏಕೆ ಸಿಗಲಿಲ್ಲ?

‘ನೀವು’ ಎಂದ ತಾಯಿ

ಇಂದಿನ ಹಬ್ಬದ ತಾಯಿ ಈ ಪ್ರಶ್ನೆಗೆ ಉತ್ತರ ಕೊಡುತ್ತಾರೆ. 1858ರ ಫೆಬ್ರವರಿ 11ರಂದು ಬರ್ನದೆತ್ ಕಟ್ಟಿಗೆ ಆಯಲು ಹೋಗಿದ್ದಳು. ಹದಿನಾಲ್ಕು ವರ್ಷದ ಹುಡುಗಿ, ಉಬ್ಬಸದ ರೋಗಿ, ಓದು ಬರಹ ಬಾರದವಳು. ಆ ಕುಟುಂಬ ವಾಸವಿದ್ದದ್ದು ಒಂದು ಕಾಲದಲ್ಲಿ ಸೆರೆಮನೆಯಾಗಿದ್ದ ಕೋಣೆಯಲ್ಲಿ. ಅಂಥ ಹುಡುಗಿಗೆ ಮಾತೆ ಹದಿನೆಂಟು ಸಲ ದರ್ಶನವಿತ್ತರು. ಫೆಬ್ರವರಿ 18ರಂದು ಮೊದಲ ಬಾರಿ ಮಾತಾಡಿದಾಗ ಆಜ್ಞೆ ಮಾಡಲಿಲ್ಲ. ಹದಿನೈದು ದಿನ ಬರುವ ಕೃಪೆ ಮಾಡುವಿರಾ ಎಂದು ವಿನಂತಿಸಿದರು. ದೊಡ್ಡವರ ಫ್ರೆಂಚ್ ಭಾಷೆಯಲ್ಲಲ್ಲ, ಆ ಊರಿನ ಆಡುಮಾತಿನಲ್ಲಿ. ನಮ್ಮ ಕಡೆ ಬಂದಿದ್ದರೆ ನಮ್ಮ ಓಣಿಯ ಕನ್ನಡದಲ್ಲೇ ಮಾತಾಡುತ್ತಿದ್ದರೇನೋ. ಎಲ್ಲರೂ ಏಕವಚನದಲ್ಲಿ ಕರೆಯುತ್ತಿದ್ದ ಆ ಬಡ ಹುಡುಗಿಯನ್ನು ಸ್ವರ್ಗದ ರಾಣಿ ‘ನೀವು’ ಎಂದು ಕರೆದರು. ತನ್ನನ್ನು ಹೀಗೆ ಗೌರವದಿಂದ ಕರೆದದ್ದು ಬರ್ನದೆತ್‌ಗೆ ಆಶ್ಚರ್ಯವಾಗಿತ್ತು.

ಫೆಬ್ರವರಿ 25ರಂದು ಆ ತಾಯಿಯ ಮಾತಿನಂತೆ ಬರ್ನದೆತ್ ನೆಲಕ್ಕೆ ಬಾಗಿ, ಕೈಯಿಂದ ಕೆಸರು ತೋಡಿ, ಆ ನೀರು ಕುಡಿದಳು. ನೋಡಿದವರು ಹುಚ್ಚು ಎಂದರು. ಆ ಜಾಗದಲ್ಲಿ ಬುಗ್ಗೆ ಹರಿಯಿತು. ಇಂದಿಗೂ ಹರಿಯುತ್ತಿದೆ. ತಾನೇ ಇಚ್ಛೆಯಿಂದ, ನಂಬಿಕೆಯಿಂದ ಬಾಗಿದ ಆ ಬಾಗು ಲೋಕದ ರೋಗಿಗಳಿಗೆ ನೀರಾಯಿತು.

ಮನೆಗೆ ಒಯ್ಯಬೇಕಾದದ್ದು

ಆರ್ಥೋಪೆಡಿಕ್ ಎಂಬ ಫಲಕವನ್ನು ಆಸ್ಪತ್ರೆಗಳ ಮುಂದೆ ನೀವು ನೋಡಿದ್ದೀರಿ. 1741ರಲ್ಲಿ ಫ್ರಾನ್ಸಿನ ನಿಕೋಲಾ ಆಂದ್ರಿ ಎಂಬ ವೈದ್ಯರು ಕಟ್ಟಿದ ಪದವದು. ಆರ್ಥೋಸ್ ಎಂದರೆ ನೆಟ್ಟಗೆ. ಆ ಮಹಿಳೆ ನೆಟ್ಟಗಾದಳು ಎಂದು ಹೇಳಲು ಲೂಕರು ಬಳಸಿದ ಪದದೊಳಗೂ ಇದೇ ಆರ್ಥೋಸ್ ಇದೆ. ಆಂದ್ರಿಯವರ ಪುಸ್ತಕದಲ್ಲಿ ಸೊಟ್ಟಗೆ ಬೆಳೆದ ಗಿಡವನ್ನು ಗೂಟಕ್ಕೆ ಹಗ್ಗದಿಂದ ಕಟ್ಟಿದ ಚಿತ್ರವಿದೆ. ಇಂದಿಗೂ ಆ ವೈದ್ಯರ ಗುರುತು ಅದೇ. ಗಿಡವಾಗಿ ಬಗ್ಗದ್ದು ಮರವಾಗಿ ಬಗ್ಗೀತೇ ಎಂದು ನಾವು ಮಕ್ಕಳಿಗೆ ಹೇಳುತ್ತೇವೆ. ಮಕ್ಕಳನ್ನು ಬಗ್ಗಿಸುವುದಷ್ಟನ್ನೇ ಯೋಚಿಸಬೇಡಿರಿ, ನೆಟ್ಟಗೆ ಬೆಳೆಸುವುದನ್ನೂ ಯೋಚಿಸಿರಿ.

ಆದ್ದರಿಂದ ಈ ಹಬ್ಬದಿಂದ ಮೂರು ಸಂಕಲ್ಪಗಳನ್ನು ಮನೆಗೆ ಒಯ್ಯೋಣ.

ಒಂದು, ಬೆನ್ನು ಬೇನೆಯನ್ನು ಅಸಡ್ಡೆ ಮಾಡಬೇಡಿರಿ. ಮಗುವಿಗಾಗಲಿ ದೊಡ್ಡವರಿಗಾಗಲಿ ವಾರಗಟ್ಟಲೆ ಬೆನ್ನು ನೋವು ಹೋಗದೆ, ಸಂಜೆ ಸಣ್ಣ ಜ್ವರ ಬಂದು, ಮೈ ಇಳಿಯುತ್ತಿದ್ದರೆ ಸರಕಾರಿ ಆಸ್ಪತ್ರೆಗೆ ಕರೆದೊಯ್ಯಿರಿ. ಬೆನ್ನುಮೂಳೆಯ ಕ್ಷಯಕ್ಕೆ ಔಷಧವಿದೆ. ಸರಕಾರದ ಕ್ಷಯ ನಿರ್ಮೂಲನ ಕಾರ್ಯಕ್ರಮದಲ್ಲಿ ಅದನ್ನು ಉಚಿತವಾಗಿ ಕೊಡುತ್ತಾರೆ. ತಿಂಗಳುಗಟ್ಟಲೆ ತೆಗೆದುಕೊಳ್ಳಬೇಕು, ನಡುವೆ ಬಿಡಬಾರದು. ಬೇಗ ಹಿಡಿದರೆ ಗೂನನ್ನು ತಡೆಯಬಹುದು. ಕಾಲಿನ ಶಕ್ತಿ ಕುಂದಿದರೆ ಒಂದು ದಿನವೂ ತಡ ಮಾಡಬೇಡಿರಿ. ನಿಂತಾಗ ಬಗ್ಗಿ, ಮಲಗಿದಾಗ ನೆಟ್ಟಗಾಗುವ ಹಿರಿಯರಿದ್ದರೆ ‘ನಾಟಕ’ ಎನ್ನದೆ ನರರೋಗದ ವೈದ್ಯರಿಗೆ ತೋರಿಸಿರಿ.

ಎರಡು, ಯಾರನ್ನೂ ಅವರ ಅಂಗದ ಹೆಸರಿನಿಂದ ಕರೆಯಬೇಡಿರಿ. ಗೂನ, ಕುಂಟ, ಕುರುಡ ಎಂಬ ಅಡ್ಡಹೆಸರುಗಳು ನಮ್ಮ ಓಣಿಯಲ್ಲಿ, ನಮ್ಮ ಮಕ್ಕಳ ಬಾಯಲ್ಲಿ, ನಮ್ಮ ಮನೆಯಲ್ಲಿ ಇಂದಿಗೆ ಮುಗಿಯಲಿ. ಜ್ಞಾನಸ್ನಾನದಲ್ಲಿ ದೇವರು ಪ್ರತಿಯೊಬ್ಬರನ್ನೂ ಹೆಸರು ಹಿಡಿದು ಕರೆದಿದ್ದಾರೆ. ಆ ಹೆಸರು ತಿಳಿಯದಿದ್ದರೆ ಕೇಳಿರಿ. ನಾವೂ ಆ ಮನೆ ಭೇಟಿಯ ಪುಸ್ತಕವನ್ನು ತೆಗೆದು, ಆ ಸಾಲಿಗೆ ಗೆರೆ ಎಳೆದು, ಅಜ್ಜಿಯ ಹೆಸರನ್ನು ಬರೆದೆವು. ಎರಡು ವರ್ಷದ ಬಳಿಕ ಅವರು ಪ್ರಭುವಿನಲ್ಲಿ ನಿದ್ರೆ ಹೋದಾಗ, ಮರಣದ ದಾಖಲೆ ಪುಸ್ತಕದಲ್ಲಿ ಬರೆಯಲು ಯಾರನ್ನೂ ಕೇಳಬೇಕಾಗಲಿಲ್ಲ. ಮಗ ಅವರ ತಲೆಯ ಕೆಳಗೆ ದಿಂಬು ಸರಿಪಡಿಸಿ, “ಈಗ ಅವ್ವ ತಾಯಿ ಮಾರಿ ನೋಡತಾಳ್ರಿ ಫಾದರ್” ಎಂದ. ನಮಗೆ ಬೇರೆ ಪ್ರಬೋಧನೆ ಬೇಕಾಗಲಿಲ್ಲ.

ಮೂರು, ಬಾಗಿದವರ ಮುಖ ಕಾಣಲು ನೀವೇ ಬಾಗಿರಿ. ಮನೆಯ ಆಯಿಯ ಎದುರಿಗೆ ನೆಲದ ಮೇಲೆ ಕುಳಿತು ಹತ್ತು ನಿಮಿಷ ಮಾತಾಡಿರಿ. ಭಾನುವಾರ ನೆರೆಮನೆಯ ಹಿರಿಯರ ಕೈ ಹಿಡಿದು ಪೂಜೆಗೆ ಕರೆತನ್ನಿರಿ. ಇನ್ನು ಮುಂದೆ ಪರಮಪ್ರಸಾದ ಕೊಡುವಾಗ ನಾವೂ ಮೆಟ್ಟಿಲು ಇಳಿದು ಅವರ ಬಳಿಗೆ ಬರುತ್ತೇವೆ. ದೇವರ ಮುಂದೆ ಮೊಣಕಾಲು ಬಾಗಿಸುವುದನ್ನು ಕಲಿತವರು ಬಡವರ ಬೆನ್ನು ಬಗ್ಗಿಸಲಾರರು.

ಈಗ ಅಭ್ಯಂಗ ಸಂಸ್ಕಾರಕ್ಕೆ ಸಿದ್ಧರಾಗೋಣ. ಪ್ರಿಯ ಹಿರಿಯರೇ, ನೀವು ಎದ್ದು ಬರಬೇಡಿರಿ, ಕುಳಿತಲ್ಲಿಯೇ ಇರಿ. ನಾವೇ ನಿಮ್ಮ ಬಳಿಗೆ ಬರುತ್ತೇವೆ. ಹಣೆಗೆ, ಕೈಗೆ ಎಣ್ಣೆ ಹಚ್ಚುವ ಮೊದಲು ನಿಮ್ಮ ಹೆಸರು ಹೇಳಿರಿ. ದನಿ ಸಣ್ಣದಿದ್ದರೂ ಪರವಾಗಿಲ್ಲ, ನಾವು ಬಾಗಿ ಕೇಳಿಸಿಕೊಳ್ಳುತ್ತೇವೆ.

ಹದಿನೆಂಟು ವರ್ಷ ಬಾಗಿದ್ದ ಮಗಳನ್ನು ನೆಟ್ಟಗೆ ನಿಲ್ಲಿಸಿದ ಪ್ರಭು ನಮ್ಮ ರೋಗಿಗಳಿಗೆ ಬಲವನ್ನು, ನಮಗೆಲ್ಲರಿಗೆ ಕಾಣುವ ಕಣ್ಣನ್ನು ಅನುಗ್ರಹಿಸಲಿ. ಲೂರ್ದು ಮಾತೆ ನಮಗಾಗಿ ಪ್ರಾರ್ಥಿಸಲಿ. ಆಮೆನ್.